ಗೈಡ್ ಪಾತ್ರದಲ್ಲಿ ಗೈಡೇ

ಚಿತ್ರದುರ್ಗದ ಕೋಟೆಯಲ್ಲಿ ಗೈಡ್ ಕೆಲಸ ಮಾಡುವವರಿಗೆ ಕ್ಯಾಮೆರಾ ಹೊಸದೇನಲ್ಲ. ಟಿವಿಯವರು ಬರುತ್ತಾರೆ, ಯೂಟ್ಯೂಬ್ ಹುಡುಗರು ಬರುತ್ತಾರೆ, ಮದುವೆಗೆ ಮುಂಚೆ ಫೋಟೋ ತೆಗೆಸಿಕೊಳ್ಳುವ ಜೋಡಿಗಳು ಬರುತ್ತವೆ. ನಮ್ಮನ್ನು ಬತೇರಿ (ಕೋಟೆಯ ಬುರುಜು) ಮುಂದೆ ನಿಲ್ಲಿಸಿ, "ಎರಡೇ ನಿಮಿಷದಲ್ಲಿ ಹೇಳಿಬಿಡಿ ಸರ್" ಅನ್ನುತ್ತಾರೆ. ನಾವೂ ಹೇಳಿಬಿಡುತ್ತೇವೆ. ಏಳು ಸುತ್ತು, 19 ಅಗಸೆ ಬಾಗಿಲು, 38 ದಿಡ್ಡಿ ಬಾಗಿಲು, 35 ಕಳ್ಳಗಿಂಡಿ. ಈ ಲೆಕ್ಕ ನನಗೆ ನಿದ್ದೆಯಲ್ಲೂ ಬರುತ್ತೆ.

ಆದರೆ ಈಚೆಗೆ ನಾನೊಂದು ಸಿನಿಮಾದಲ್ಲಿ ಸಿಕ್ಕಿಕೊಂಡೆ. ಅದರಲ್ಲಿ ನನ್ನ ಪಾತ್ರ ನಾನೇ ಮಾಡಬೇಕಿತ್ತು. ನನ್ನ ಹೆಂಡತಿಯ ಪಾತ್ರವನ್ನು ಬೇರೆಯವರು ಮಾಡಿದರು. ಒನಕೆ ಕಿಂಡಿಯ ಪಾತ್ರವನ್ನು ಯಾರದೋ ಹೊಲದ ಬಂಡೆ ಮಾಡಿತು. ಇದೆಲ್ಲ ಹೇಗಾಯ್ತು ಅಂತ ಕೇಳಿದವರಿಗೆಲ್ಲ ಹೇಳಿ ಹೇಳಿ ಸಾಕಾಗಿದೆ. ಅದಕ್ಕೇ ಬರೆಯುತ್ತಿದ್ದೇನೆ.

ಆ ಸಿನಿಮಾ ತೆಗೆದ ಮೇಡಂ ಮೊದಲು ಬಂದಾಗ ಕ್ಯಾಮೆರಾನೇ ತಂದಿರಲಿಲ್ಲ. ಕಿವಿಗೆ ದೊಡ್ಡ ಹೆಡ್‌ಫೋನು, ಕೈಯಲ್ಲಿ ಒಂದು ರೆಕಾರ್ಡರು. ಟಿಕೆಟ್ ತಗೊಂಡು ಒಳಗೆ ಬಂದು, ನಾನು ಯಾವುದೋ ಪ್ರವಾಸಿಗರ ಪಾರ್ಟಿ ಕರೆದುಕೊಂಡು ಹೊರಟರೆ ಹಿಂದೆ ಹಿಂದೆ ನಡೆಯೋರು. ಮರುದಿನವೂ ಬಂದರು. ಅದರ ಮರುದಿನವೂ ಬಂದರು. ಕೊನೆಗೆ ನಾನೇ ತಡೆದು, "ಏನಮ್ಮಾ, ಪರೀಕ್ಷೆಗೇನಾದ್ರೂ ಓದ್ತಿದ್ದೀರಾ?" ಅಂತ ಕೇಳಿದೆ.

"ಇಲ್ಲ ಸರ್, ಸಿನಿಮಾ ಮಾಡ್ತೀನಿ. ನಿಮ್ಮ ಕಥೆ ದಿನಾ ಕೇಳಿದ್ರೂ ಒಂದಕ್ಷರ ಆಚೀಚೆ ಆಗಲ್ಲ. ಆದ್ರೆ ಕಿಂಡಿ ಹತ್ರ ಹೆಂಗಸರು ಜಾಸ್ತಿ ಇದ್ರೆ ನಿಧಾನ ಮಾಡ್ತೀರಿ. ಗಂಡಸರೇ ಇದ್ರೆ ಬೇಗ ಮುಗಿಸ್ತೀರಿ. ಗೊತ್ತಾ ನಿಮಗೆ?"

ನನಗೆ ಗೊತ್ತಿರಲಿಲ್ಲ. ರೆಕಾರ್ಡರ್ ಹಚ್ಚಿ ಕೇಳಿಸಿದರು. ನಿಜಾನೇ.

ಡಾಕ್ಯುಮೆಂಟರಿ ಅಂದರೆ ನನ್ನ ತಲೆಯಲ್ಲಿ ಇದ್ದದ್ದು ಒಂದೇ. ಚಿಕ್ಕವನಿದ್ದಾಗ ಟಾಕೀಸಿನಲ್ಲಿ ಸಿನಿಮಾ ಶುರುವಾಗುವ ಮೊದಲು ಫಿಲ್ಮ್ಸ್ ಡಿವಿಷನ್‌ನವರದ್ದು ಕಪ್ಪು-ಬಿಳುಪಿನ ಸುದ್ದಿಚಿತ್ರ ಬರುತ್ತಿತ್ತು. ಪ್ರವಾಹ, ಅಣೆಕಟ್ಟು, ಮಂತ್ರಿಗಳ ಕೈಕುಲುಕಾಟ, ಹಿಂದೆ ಒಂದು ದಪ್ಪ ಗಂಟಲು. ಆ ಹೊತ್ತಿಗೆ ಎಲ್ಲರೂ ಕಡಲೆಕಾಯಿ ತರಲು ಎದ್ದು ಹೋಗುತ್ತಿದ್ದರು. ಹಾಗಾಗಿ, "ಡಾಕ್ಯುಮೆಂಟರಿನಾ, ಸಿನಿಮಾನಾ?" ಅಂತ ಕೇಳಿದೆ. "ಎರಡೂ" ಅಂದರು. "ಅಂದ್ರೆ ಅರ್ಧ ಸುಳ್ಳಾ?" ಅಂದೆ. ಅವರು ನಕ್ಕು, ಸಂಜೆ ಮನೆಗೆ ಬರ್ತೀನಿ, ಲ್ಯಾಪ್‌ಟಾಪ್‌ನಲ್ಲಿ ಎರಡು ತುಣುಕು ತೋರಿಸ್ತೀನಿ ಅಂದರು.

ಮೊದಲನೆಯದು 1922ರದ್ದು. ಕೆನಡಾದ ಉತ್ತರದ ಹಿಮದ ನಾಡಿನಲ್ಲಿ ರಾಬರ್ಟ್ ಫ್ಲಾಹರ್ಟಿ ಅನ್ನುವವರು ತೆಗೆದ 'ನ್ಯಾನೂಕ್ ಆಫ್ ದಿ ನಾರ್ತ್'. ಡಾಕ್ಯುಮೆಂಟರಿಗಳ ತಾತ ಅಂತ ಅದನ್ನು ಹೇಳುತ್ತಾರಂತೆ. ಅದರಲ್ಲಿ ಒಂದು ಕುಟುಂಬ ಹಿಮದ ಮನೆಯೊಳಗೆ ಮಲಗಿ ಏಳುತ್ತದೆ. ಆದರೆ ನಿಜವಾದ ಮನೆಯೊಳಗೆ ಕ್ಯಾಮೆರಾಕ್ಕೆ ಜಾಗವೂ ಇಲ್ಲ, ಬೆಳಕೂ ಇಲ್ಲ. ಅದಕ್ಕೆ ದೊಡ್ಡದೊಂದು ಮನೆ ಕಟ್ಟಿಸಿ ಅರ್ಧ ಗೋಡೆ ಬಿಟ್ಟುಬಿಟ್ಟರು. ಪಾಪ ಅವರು ಆ ಚಳಿಯಲ್ಲಿ ಬಯಲಿಗೆ ತೆರೆದ ಮನೆಯಲ್ಲಿ ನಿದ್ದೆಯ ನಟನೆ ಮಾಡಿದರು. ಆ ಮನುಷ್ಯನ ಹೆಸರು ನ್ಯಾನೂಕ್ ಅಲ್ಲ, ಅಲ್ಲಾಕಾರಿಯಲ್ಲಾಕ್. ಹೆಂಡತಿ ಅಂತ ತೋರಿಸಿದವಳು ಅವನ ಹೆಂಡತಿಯೂ ಅಲ್ಲ. ಅಷ್ಟು ಕೇಳಿದ್ದೇ ತಡ, ಒಳಗಿದ್ದ ನನ್ನ ಹೆಂಡತಿ ಬಾಗಿಲಿಗೆ ಬಂದು ನಿಂತಳು.

ಎರಡನೆಯದು ಇರಾನಿನದು. 1990ರದು, ಅಬ್ಬಾಸ್ ಕಿಯಾರೊಸ್ತಾಮಿ ಅವರ 'ಕ್ಲೋಸ್ ಅಪ್'. ಒಬ್ಬ ಬಡವ ಒಂದು ಮನೆಗೆ ಹೋಗಿ, ನಾನು ದೊಡ್ಡ ಸಿನಿಮಾ ಡೈರೆಕ್ಟರು ಅಂತ ಸುಳ್ಳು ಹೇಳಿಕೊಂಡು ಸಿಕ್ಕಿಬಿದ್ದಿದ್ದ. ಕೇಸಾಯಿತು. ಕಿಯಾರೊಸ್ತಾಮಿ ಕೋರ್ಟಿಗೇ ಕ್ಯಾಮೆರಾ ತಂದರು. ಆಮೇಲೆ ಆ ಬಡವನನ್ನೂ ಮೋಸಹೋದ ಮನೆಯವರನ್ನೂ ಕೂರಿಸಿ, ನಡೆದದ್ದನ್ನೇ ಮತ್ತೆ ಅವರ ಕೈಲೇ ಆಡಿಸಿದರು. ಕೊನೆಯಲ್ಲಿ ಆ ಬಡವ ಮತ್ತು ಅಸಲಿ ಡೈರೆಕ್ಟರು ಬೈಕಿನಲ್ಲಿ ಹೋಗುವಾಗ ಮೈಕ್ ಕೆಟ್ಟು ಮಾತು ಕಟ್ ಕಟ್ ಆಗುತ್ತೆ. ಆ ಮೈಕ್ ಕೆಟ್ಟದ್ದೂ ಬೇಕಂತಲೇ ಮಾಡಿದ್ದಂತೆ. ನನಗೆ ಅದು ಬಹಳ ಹಿಡಿಸಿತು. ಏನು ಧೈರ್ಯ ಅಲ್ವಾ?

ಸತ್ಯ-ಸುಳ್ಳಿನ ಈ ಬೆರಕೆ ನಮಗೇನು ಹೊಸದು ಹೇಳಿ. 1779ರಲ್ಲಿ ಹೈದರಾಲಿ ದುರ್ಗವನ್ನು ಹಿಡಿದದ್ದು, ಮದಕರಿ ನಾಯಕರನ್ನು ಶ್ರೀರಂಗಪಟ್ಟಣಕ್ಕೆ ಸಾಗಿಸಿದ್ದು ಇತಿಹಾಸದ ಪುಸ್ತಕದಲ್ಲಿದೆ. ಓಬವ್ವನ ಕಥೆ ಬಾಯಿಂದ ಬಾಯಿಗೆ ಬಂದದ್ದು. ಹಿಡಿಂಬೇಶ್ವರ ಗುಡಿಯ ಹತ್ತಿರ ನಿಂತರೆ ಭೀಮ, ಹಿಡಿಂಬ ಎಲ್ಲರೂ ಬರುತ್ತಾರೆ. ಇದರ ಮೇಲೆ 1972ರ 'ನಾಗರಹಾವು' ಬೇರೆ. ಪುಟ್ಟಣ್ಣ ಕಣಗಾಲರು ಇಲ್ಲೇ ಕೋಟೆಯಲ್ಲಿ ತೆಗೆದದ್ದು. ಅದರ ಹಾಡಿನಲ್ಲಿ ಓಬವ್ವ ಆದವರು ನಟಿ ಜಯಂತಿ. ಇವತ್ತಿಗೂ ಜನ ಕಿಂಡಿ ಮುಂದೆ ನಿಂತು, "ಜಯಂತಿ ಒನಕೆ ಎತ್ತಿದ್ದು ಈ ಕಡೆಯಿಂದಾನಾ, ಆ ಕಡೆಯಿಂದಾನಾ?" ಅಂತ ಕೇಳುತ್ತಾರೆ. 2021ರಿಂದ ಸರ್ಕಾರವೇ ನವೆಂಬರ್ 11ಕ್ಕೆ ಓಬವ್ವ ಜಯಂತಿ ಮಾಡುತ್ತಿದೆ. ಒಮ್ಮೆ ಒಂದು ಶಾಲೆ ಹುಡುಗ, ಓಬವ್ವ ಜಯಂತಿ ಅಂದರೆ ಓಬವ್ವ ಆಗಿದ್ದ ಜಯಂತಿ ಅಂದುಕೊಂಡಿದ್ದ. ನಾನು ತಿದ್ದಿದೆ. ಆದರೆ ಅವನದೇನೂ ತಪ್ಪಿಲ್ಲ ಬಿಡಿ.

ಹಾಗಾಗಿ ಬೆರೆಸೋದರ ಬಗ್ಗೆ ನನಗೆ ತಕರಾರು ಇರಲಿಲ್ಲ. ಬೆರೆಸಿದ್ದೇನೆ ಅಂತ ಹೇಳಬೇಕು, ಅಷ್ಟೇ. ನಾನು ಪಾರ್ಟಿಗೆ ಯಾವಾಗಲೂ ಹೇಳುತ್ತೇನೆ: ಇದು ಶಾಸನದಲ್ಲಿರೋದು, ಇದು ಜನ ಹೇಳೋದು, ಇದು ಸಿನಿಮಾದವರು ಸೇರಿಸಿದ್ದು. ಕೇಳುವವರು ಆಮೇಲೆ ಏನು ಬೇಕಾದರೂ ನಂಬಲಿ. ಇದೇ ಮಾತಿಗೆ ಮೇಡಂಗೂ ನನಗೂ ಕೊನೆಯವರೆಗೆ ಜಗಳ ಆಯಿತು, ಅದನ್ನು ಮುಂದೆ ಹೇಳುತ್ತೇನೆ.

ಮೊದಲು ಕಾಗದಪತ್ರ. ಮೇಡಂ ಒಂದು ಒಪ್ಪಿಗೆ ಪತ್ರ ತಂದರು. ಇಂಗ್ಲಿಷಿನಲ್ಲಿತ್ತು. ಕನ್ನಡದಲ್ಲಿ ಬರೆದು ತನ್ನಿ, ನಾನು ಓದಿ ಸಹಿ ಮಾಡ್ತೀನಿ ಅಂದೆ. ತಂದರು. ಅದರಲ್ಲಿ ನನ್ನ ಮುಖ, ಧ್ವನಿ, ಮನೆ, ಕಥೆ ಎಲ್ಲವನ್ನೂ ಎಲ್ಲಿ ಬೇಕಾದರೂ ಎಷ್ಟು ಕಾಲ ಬೇಕಾದರೂ ಬಳಸಬಹುದು ಅಂತಿತ್ತು. ಪ್ರಪಂಚದಲ್ಲೆಲ್ಲ ಇರೋ ಪತ್ರವೇ ಇದು ಅಂದರು. ಇರಬಹುದು. ನಾನು ಎರಡು ಸಾಲು ಸೇರಿಸಿಸಿದೆ. ಹೊರಗೆ ಯಾರಿಗೂ ತೋರಿಸುವ ಮೊದಲು ನಮ್ಮ ಮನೆಯಲ್ಲಿ ತೋರಿಸಬೇಕು. ಮನೆಯೊಳಗೆ ತೆಗೆದ ಭಾಗದಲ್ಲಿ ನಾವು ಬೇಡ ಅಂದದ್ದನ್ನು ತೆಗೆಯಬೇಕು. ಅವರು ಸ್ವಲ್ಪ ಯೋಚಿಸಿ ಒಪ್ಪಿದರು.

ಆಮೇಲೆ ದುಡ್ಡಿನ ಮಾತು. ಇಲ್ಲೊಂದು ಮಜಾ ಇದೆ. ಕಥಾಚಿತ್ರದಲ್ಲಿ ನಟನೆ ಮಾಡಿದವರಿಗೆ ದುಡ್ಡು ಕೊಡುತ್ತಾರೆ. ಡಾಕ್ಯುಮೆಂಟರಿಯಲ್ಲಿ ಮಾತಾಡಿದವರಿಗೆ ಕೊಡಬಾರದು ಅನ್ನುವವರೇ ಜಾಸ್ತಿ. ದುಡ್ಡು ತಗೊಂಡವನು ಕೊಟ್ಟವರಿಗೆ ಬೇಕಾದ್ದು ಹೇಳುತ್ತಾನೆ ಅನ್ನೋ ಅನುಮಾನ. ಸರಿ, ನಾನು ಎರಡೂ ಆದರೆ? ಬೆಳಿಗ್ಗೆ ನಾನು ನಾನಾಗಿ ಮಾತಾಡಿದರೆ ಸೊನ್ನೆ, ಮಧ್ಯಾಹ್ನ ನಾನು ನನ್ನ ಪಾತ್ರ ಮಾಡಿದರೆ ಕೂಲಿ? ಹಾಗಾದರೆ ಬೆಳಿಗ್ಗೆಯಿಂದಲೇ ನಟನೆ ಶುರು ಮಾಡ್ತೀನಿ ಅಂದೆ. ಮೇಡಂ ಜೊತೆಗಿದ್ದ ಕ್ಯಾಮೆರಾ ಹುಡುಗ ಬಿದ್ದು ಬಿದ್ದು ನಕ್ಕ. ಕೊನೆಗೆ, ಶೂಟಿಂಗ್ ಇರುವ ದಿನವೆಲ್ಲ ಅವರ ತಂಡದವರಿಗೆ ಕೊಡುವಷ್ಟೇ ನನಗೂ ಅಂತ ಆಯಿತು. ಗೈಡಿಗೆ ದಿನ ಹೋದರೆ ದುಡಿಮೆ ಹೋಯಿತು, ಅದನ್ನು ಯಾರಾದರೂ ತುಂಬಿಕೊಡಬೇಕಲ್ಲ.

ಕೋಟೆಯೊಳಗೆ ತೆಗೆಯೋದು ಸುಲಭ ಅಲ್ಲ. ಇದು ಕೇಂದ್ರ ಪುರಾತತ್ವ ಇಲಾಖೆಯ ರಕ್ಷಿತ ಸ್ಮಾರಕ. ಮೊಬೈಲಲ್ಲಿ ಫೋಟೋ ತೆಗೆದರೆ ಯಾರೂ ಕೇಳಲ್ಲ. ಸ್ಟ್ಯಾಂಡ್ ಹಾಕಿ ಕ್ಯಾಮೆರಾ ಇಟ್ಟರೆ ಅನುಮತಿ ಬೇಕು, ಸಿನಿಮಾ ಅಂದರೆ ಲೈಸೆನ್ಸು ಬೇಕು. ದಿನದ ಲೆಕ್ಕದಲ್ಲಿ ಫೀಸು, ಮೇಲೆ ಡಿಪಾಸಿಟ್ಟು. ಯಾವ ಜಾಗ, ಎಷ್ಟು ಜನ, ಯಾವ ದೃಶ್ಯ, ಎಲ್ಲ ಬರೆದು ಕೊಡಬೇಕು. ನಿಯಮ ಸರಿಯಾಗೇ ಇದೆ. ಹಿಂದೆ ಯಾರ್ಯಾರೋ ಗೋಡೆಗೆ ಏನೇನು ಅಂಟಿಸಿದ್ದಾರೆ ಅಂತ ನಾವು ಕಣ್ಣಾರೆ ನೋಡಿದ್ದೇವೆ. ಆದರೆ ನಮ್ಮ ಮೇಡಂ ಹತ್ತಿರ ದೃಶ್ಯಗಳ ಪಟ್ಟಿಯೇ ಇರಲಿಲ್ಲ! "ಏನಾಗುತ್ತೋ ಅದನ್ನ ತೆಗೀತೀನಿ" ಅಂತ ಅರ್ಜಿಯಲ್ಲಿ ಬರೆಯೋಕಾಗುತ್ತಾ? ಅವರ ಕೈಲಿದ್ದ ದುಡ್ಡಿಗೆ ಕೋಟೆಯಲ್ಲಿ ಸ್ವಲ್ಪ ದಿನ ಮಾತ್ರ ಸಾಧ್ಯ ಇತ್ತು. ಅಷ್ಟಕ್ಕೆ ನಾನು ನಡೆಯೋದು, ಮೆಟ್ಟಿಲು, ಏಕನಾಥೇಶ್ವರಿ ಗುಡಿ, ಅಕ್ಕ-ತಂಗಿ ಹೊಂಡ ಅಂತ ಬರೆದುಕೊಟ್ಟು ತೆಗೆದರು. ಉಳಿದ ಮಾತುಕತೆಗೆ ಊರಾಚೆ ಜಾಗ ಹುಡುಕಿದರು. ನಮ್ಮ ಸೀಮೆಯಲ್ಲಿ ಬಂಡೆಗೆ ಬರವೇ? ಪರಿಚಯದವರೊಬ್ಬರ ಶೇಂಗಾ ಹೊಲದ ಅಂಚಿಗೆ, ಒಬ್ಬ ಮನುಷ್ಯ ಬಗ್ಗಿ ನುಸುಳುವಷ್ಟು ಸಂದು ಇರುವ ಎರಡು ಬಂಡೆ ಸಿಕ್ಕವು. ಮೇಡಂ ಅದನ್ನು ನೋಡಿ, "ಇದೇ ನಮ್ಮ ಕಿಂಡಿ" ಅಂದರು. ನನ್ನ ಮುಖ ಸಣ್ಣಗಾಯಿತು. ದೂರದಲ್ಲಿ ಗಾಳಿಯಂತ್ರಗಳ ರೆಕ್ಕೆ ತಿರುಗುತ್ತಿವೆ, ಇಲ್ಲಿ ನಿಂತು ನಾನು ಓಬವ್ವನ ಕಥೆ ಹೇಳಬೇಕು!

ನಟನೆ ಬಗ್ಗೆ ಹೇಳೋದಾದರೆ, ಬೇರೆಯವರ ಪಾತ್ರ ಮಾಡೋದು ಸುಲಭ ಇರಬೇಕು. "ನೀವು ದಿನಾ ನಡೆಯೋ ಥರಾನೇ ನಡೀರಿ ಅಣ್ಣ" ಅಂದರು. ಅಷ್ಟು ಹೊತ್ತಿಗೆ ಸರ್ ಹೋಗಿ ಅಣ್ಣ ಆಗಿದ್ದೆ. ನಡೆದೆ. "ಹಾಗಲ್ಲ, ನೀವು ಕೈ ಹಿಂದೆ ಕಟ್ಕೊಂಡು ನಡೀತೀರಿ." ಕೈ ಕಟ್ಟಿಕೊಂಡೆ. "ಈಗ ಸೈನ್ಯದವರ ಥರ ಆಯ್ತು." ಎಷ್ಟೋ ವರ್ಷದಿಂದ ಹತ್ತಿದ ಮೆಟ್ಟಿಲು, ಕ್ಯಾಮೆರಾ ಮುಂದೆ ಯಾವ ಕಾಲು ಮೊದಲು ಇಡಬೇಕು ಅಂತಲೇ ಮರೆತುಹೋಯಿತು. ಕೊನೆಗೆ ಅವರು ಒಂದು ಉಪಾಯ ಮಾಡಿದರು. ನನ್ನ ಕೈಗೆ ಒಂದು ಭಾರದ ಬ್ಯಾಗ್ ಕೊಟ್ಟು, ಇದನ್ನ ಮೇಲೆ ಇಟ್ಟುಬನ್ನಿ, ಆಮೇಲೆ ಶೂಟ್ ಮಾಡೋಣ ಅಂದರು. ನಾನು ಬೈದುಕೊಳ್ಳುತ್ತಾ ಹತ್ತಿದೆ. ಕ್ಯಾಮೆರಾ ಆಗಲೇ ಓಡುತ್ತಿತ್ತು. ಸಿನಿಮಾದಲ್ಲಿ ಉಳಿದಿರೋ ನಡಿಗೆ ಅದೇ.

ಅಂಗಿಯದು ಇನ್ನೊಂದು ಪಾಡು. ಬೇರೆ ಬೇರೆ ದಿನ ತೆಗೆದದ್ದು ಒಂದೇ ದಿನ ನಡೆದ ಹಾಗೆ ಕಾಣಬೇಕಂತೆ. ಹಾಗಾಗಿ ಅದೇ ನೀಲಿ ಚೌಕಳಿ ಅಂಗಿ, ರಾತ್ರಿ ಒಗೆದು ಬೆಳಿಗ್ಗೆ ಹಾಕೋದು. ಒಬ್ಬ ಹುಡುಗಿ ಬಂದು ದಿನಾ ನನ್ನ ಗುಂಡಿ, ಜೇಬಿನ ಪೆನ್ನು, ತೋಳು ಎಷ್ಟು ಮಡಿಸಿದೆ ಅಂತ ಮೊಬೈಲಲ್ಲಿ ಫೋಟೋ ತೆಗೆದುಕೊಳ್ಳುತ್ತಿದ್ದಳು. ಅಂಗಿಯೊಳಗೆ ಕಾಲರ್ ಮೈಕು. ಹೊರಗೆ ಉದ್ದ ಕೋಲಿಗೆ ಇನ್ನೊಂದು ಮೈಕು. ಕೋಟೆಯ ಗಾಳಿ ಗೊತ್ತಲ್ಲ, ಮೈಕಿಗೆ ಬಡಿದರೆ ಬರೀ ಭರ್ ಅಂತ ಕೇಳುತ್ತೆ. ಅದಕ್ಕೆ ಬೂದು ಬಣ್ಣದ ತುಪ್ಪಳದ ಚೀಲ ತೊಡಿಸಿದ್ದರು. ನಮ್ಮ ಮಂಗಗಳಿಗೆ ಅದು ಏನು ಅನ್ನಿಸಿತೋ, ಒಂದು ದಿನ ಒಂದು ಗಡವ ಹಾರಿಬಂದು ಚೀಲ ಕಿತ್ತುಕೊಂಡು ಬತೇರಿ ಮೇಲೆ ಕೂತು ಹೇನು ಹುಡುಕೋಕೆ ಶುರು ಮಾಡಿತು. ಬಾಳೆಹಣ್ಣು ತೋರಿಸಿದರೂ ಬಿಡಲಿಲ್ಲ. ಆ ದಿನದ ಶೂಟಿಂಗ್ ಅಲ್ಲಿಗೆ ಮುಗೀತು.

ಪ್ರತಿ ಜಾಗದಲ್ಲೂ ಕೆಲಸ ಮುಗಿದ ಮೇಲೆ ಸೌಂಡಿನ ಹುಡುಗ ಎಲ್ಲರನ್ನೂ ಅಲ್ಲಾಡದ ಹಾಗೆ ನಿಲ್ಲಿಸಿ, ಒಂದು ನಿಮಿಷ ಸುಮ್ನೆ ರೆಕಾರ್ಡ್ ಮಾಡುತ್ತಿದ್ದ. ಮಾತಿಲ್ಲದ ಜಾಗಕ್ಕೂ ಒಂದು ಸದ್ದು ಇರುತ್ತೆ, ಎಡಿಟಿಂಗ್‌ನಲ್ಲಿ ಮಾತು ಕತ್ತರಿಸಿದ ಕಡೆ ಅದನ್ನ ತುಂಬಬೇಕು ಅಂದ. ಮಾತು ಕತ್ತರಿಸೋದು ಮೊದಲೇ ಗ್ಯಾರಂಟಿ ಅಂತ ಆಗ ನನಗೆ ಅರ್ಥವಾಯಿತು.

ಈಗ ಅಡುಗೆಮನೆಯ ವಿಷಯ. ಕಥೆಯಲ್ಲಿ ಗೈಡ್ ರಾತ್ರಿ ಮನೆಗೆ ಬಂದು ಊಟ ಮಾಡುವ ದೃಶ್ಯ ಇತ್ತು. ನನ್ನ ಹೆಂಡತಿ ಕಡ್ಡಿ ತುಂಡು ಮಾಡಿದ ಹಾಗೆ ಹೇಳಿದಳು: "ನನ್ನ ಮುಖ ತೆಗೀಬ್ಯಾಡಿ. ಮನೆ ಬೇಕಾದ್ರೆ ತೆಗೀರಿ." ಮೇಡಂ ಒತ್ತಾಯ ಮಾಡಲಿಲ್ಲ, ಅದು ನನಗೆ ಇಷ್ಟವಾಯಿತು. ದಾವಣಗೆರೆಯಿಂದ ನಾಟಕದಲ್ಲಿ ಪಾತ್ರ ಮಾಡುವ ಒಬ್ಬ ಹೆಣ್ಣುಮಗಳನ್ನು ಕರೆಸಿದರು. ಅವರು ಬರುವಾಗ ನಮಗೆಲ್ಲ ಮಂಡಕ್ಕಿ-ಮೆಣಸಿನಕಾಯಿ ಕಟ್ಟಿಸಿಕೊಂಡು ಬಂದಿದ್ದರು. ಬಂದ ಕೂಡಲೇ, "ಅಕ್ಕಾ, ನಿಮ್ಮ ಸೀರೆ ಒಂದು ಕೊಡ್ರಿ" ಅಂತ ನನ್ನ ಹೆಂಡತಿಯ ಹಳೇ ಸೀರೆ ಇಸಿದುಕೊಂಡು ಉಟ್ಟರು. ನನಗೆ ಯಾವ ಕಡೆ ನೋಡಬೇಕು ತಿಳಿಯಲಿಲ್ಲ.

ದೃಶ್ಯ ಇಷ್ಟೇ. ನಾನು ಒಳಗೆ ಬರಬೇಕು, ಕೈಕಾಲು ತೊಳೆದು ಕೂರಬೇಕು, ಆಕೆ ಒಲೆ ಮುಂದೆ ರೊಟ್ಟಿ ಬಡಿಯುತ್ತಿರಬೇಕು. ಕ್ಯಾಮೆರಾ ಓಡಿತು. ಆಕೆ ರೊಟ್ಟಿ ಬಡಿಯೋದು ಶುರು ಮಾಡಿದರು. ಚೆನ್ನಾಗೇ ಬಡಿದರು, ಸದ್ದು ನಾಟಕದ ಹಿಂದಿನ ಸಾಲಿಗೂ ಕೇಳಬೇಕು ಅನ್ನೋ ಹಾಗೆ. ಕ್ಯಾಮೆರಾದ ಹಿಂದೆ ಸೆರಗು ಬಾಯಿಗೆ ಹಿಡಿದು ನಿಂತಿದ್ದ ನನ್ನ ಹೆಂಡತಿಗೆ ತಡೆಯಲಾಗಲಿಲ್ಲ.

"ಹಂಗಲ್ಲ ಕಣಮ್ಮ. ಅಷ್ಟು ಜೋರಾಗಿ ಬಡುದ್ರೆ ಅಂಚು ಹರಿಯುತ್ತೆ. ಅಂಗೈಯಾಗೆ ತಿರುಗ್ಸು."

ಆಕೆ ತಿರುಗಿಸಿದರು.

"ಹಾಂ. ಈಗ ನೀರು ಸವರು. ಬಟ್ಟೆ ಅಲ್ಲೈತೆ ನೋಡು."

ನಾನು ಬಂದು ಕೂತೆ. ಆಕೆ ಬರೆದುಕೊಟ್ಟ ಮಾತು ಹೇಳಿದರು: "ಇವತ್ತು ಎಷ್ಟು ಜನ ಬಂದಿದ್ರು ನಿಮ್ಮ ಕಥೆ ಕೇಳೋಕೆ?"

ಹಿಂದಿನಿಂದ ನನ್ನ ಹೆಂಡತಿ: "ಅಯ್ಯೋ, ನಾನೆಲ್ಲಿ ಹಂಗೆ ಕೇಳ್ತೀನಿ? ಎಷ್ಟು ಜನ ಅಂತಲ್ಲ. ದುಡ್ಡು ಎಷ್ಟಾಯ್ತು ಅಂತ ಕೇಳ್ತೀನಿ."

ಎಲ್ಲರೂ ನಕ್ಕರು. ಮೇಡಂ ಮಾತ್ರ ನಗಲಿಲ್ಲ. ಸೌಂಡಿನ ಹುಡುಗನಿಗೆ ಕಣ್ಸನ್ನೆ ಮಾಡಿದರು. ಅವನು ಮೈಕಿನ ಕೋಲನ್ನು ಮೆಲ್ಲಗೆ ಹಿಂದಕ್ಕೆ ತಿರುಗಿಸಿದ. ಅಲ್ಲಿಂದ ಮುಂದೆ ದೃಶ್ಯವೇ ಬದಲಾಯಿತು. ಮುಂದೆ ನಕಲಿ ಹೆಂಡತಿ ರೊಟ್ಟಿ ಹಾಕುತ್ತಾರೆ, ಹಿಂದೆ ಅಸಲಿ ಹೆಂಡತಿ ತಿದ್ದುತ್ತಾಳೆ, ನಡುವೆ ನಾನು ಯಾರಿಗೆ ಉತ್ತರ ಕೊಡೋದು ಅಂತ ಪಿಳಿಪಿಳಿ ನೋಡುತ್ತಿದ್ದೇನೆ. ಒಂದು ಹಂತದಲ್ಲಿ ನಾಟಕದವರು ಸಿಟ್ಟಿನಿಂದ, "ದಿನಾ ಅದೇ ಕಥೆ ಹೇಳಿ ಬ್ಯಾಸರ ಬರಲ್ವಾ ನಿಮಗೆ?" ಅಂದರು. ಇದು ಬರೆದದ್ದಲ್ಲ, ಅವರಾಗೇ ಕೇಳಿದ್ದು. ನಾನು ಬಾಯಿ ತೆರೆಯುವ ಮುಂಚೆ ಹಿಂದಿನಿಂದ ಬಂತು: "ಬರುತ್ತೆ. ಬ್ಯಾಸರ ಬಂದ ದಿನ ಮನೇಲಿ ಮಾತೇ ಆಡಲ್ಲ." ಇಷ್ಟು ವರ್ಷ ಸಂಸಾರ ಮಾಡಿದರೂ ನನ್ನ ಎದುರಿಗೆ ಆಕೆ ಈ ಮಾತು ಹೇಳಿರಲಿಲ್ಲ. ತನ್ನ ಸೀರೆ ಉಟ್ಟ ಇನ್ನೊಬ್ಬಳು ಎದುರಿಗಿದ್ದಳಲ್ಲ, ಅವಳಿಗೆ ಹೇಳಿದಳು. ಈ ಬೆರಕೆ ಸಿನಿಮಾದ ಲಾಭ ಏನು ಅಂತ ಯಾರಾದರೂ ಕೇಳಿದರೆ ನಾನು ಈ ದೃಶ್ಯವನ್ನೇ ತೋರಿಸುತ್ತೇನೆ. ಸುಮ್ನೆ ಮೈಕ್ ಹಿಡಿದು, "ನಿಮ್ಮ ಯಜಮಾನರ ಬಗ್ಗೆ ಹೇಳಿ" ಅಂದಿದ್ದರೆ ನನ್ನ ಹೆಂಡತಿ, "ಒಳ್ಳೇರು" ಅಂತ ಒಂದು ಮಾತು ಹೇಳಿ ಒಳಗೆ ಹೋಗಿರೋಳು.

ಹೊಲದ ಕಿಂಡಿಯಲ್ಲಿ ನಡೆದದ್ದು ಇದಕ್ಕಿಂತ ದೊಡ್ಡದು.

ಅಲ್ಲಿ ನಾನು ಕಥೆ ಹೇಳುತ್ತಿದ್ದೆ. ಕಾವಲುಗಾರ ಗಂಡ ಊಟಕ್ಕೆ ಕೂತಿದ್ದ, ಕುಡಿಯೋಕೆ ನೀರಿರಲಿಲ್ಲ, ಓಬವ್ವ ಕೊಡ ತಗೊಂಡು ತಣ್ಣೀರು ದೋಣಿಗೆ ಹೋದಳು, ಕಿಂಡಿಯಲ್ಲಿ ಶತ್ರುಗಳು ನುಸುಳೋದು ಕಂಡಳು, ಓಡಿಬಂದು ಒನಕೆ ಎತ್ತಿಕೊಂಡಳು. ಒಬ್ಬೊಬ್ಬ ತಲೆ ತೂರಿಸಿದ ಹಾಗೆ ಒಂದೊಂದು ಏಟು. ಮಾಮೂಲಿ ಹೇಳುವ ಹಾಗೇ ಹೇಳಿದೆ. ಹೊಲದವರ ಮನೆಯ ಅಜ್ಜಿ ಶೂಟಿಂಗ್ ನೋಡೋಕೆ ಬಂದು ಬದುವಿನ ಮೇಲೆ ಕೂತಿತ್ತು. ಮೊದಲೇ, "ನಮ್ಮ ಬಂಡೆಯಾಗೆ ಓಬವ್ವ ಹೊಡೆದ್ಲೇನಪ್ಪಾ? ನಾನು ದಿನಾ ಇಲ್ಲೇ ಆಡು ಕಟ್ತೀನಲ್ಲ" ಅಂತ ನಗಾಡಿತ್ತು. ನಾನು ಕಥೆ ಮುಗಿಸಿದೆ. ಅಜ್ಜಿ ಎಲೆಅಡಿಕೆ ಅಗಿಯೋದು ನಿಲ್ಲಿಸಿ ಕೇಳಿತು:

"ಆ ಕೊಡ ಏನಾತಪ್ಪಾ?"

"ಯಾವ ಕೊಡ ಅಜ್ಜಿ?"

"ನೀರಿಗೆ ತಗೊಂಡು ಹೋಗಿದ್ಲಲ್ಲ. ಆ ಕೊಡ."

ಎಷ್ಟು ಸಾವಿರ ಜನರಿಗೆ ಹೇಳಿದ್ದೇನೋ. ಮೇಷ್ಟ್ರುಗಳು, ಇತಿಹಾಸದ ಪ್ರೊಫೆಸರ್‌ಗಳು, ಮಂತ್ರಿಗಳು. ಹೈದರಾಲಿ ಸೈನ್ಯ ಎಷ್ಟಿತ್ತು, ಒನಕೆ ಎಷ್ಟು ಉದ್ದ ಇತ್ತು ಅಂತೆಲ್ಲ ಕೇಳಿದ್ದಾರೆ. ಕೊಡದ ಬಗ್ಗೆ ಯಾರೂ ಕೇಳಿರಲಿಲ್ಲ. ನೀರು ಹೊತ್ತವರಿಗೆ ಮಾತ್ರ ಹೊಳೆಯುವ ಪ್ರಶ್ನೆ ಅದು. ಕ್ಯಾಮೆರಾ ನನ್ನ ಮುಖದ ಮೇಲೇ ಇತ್ತು. ಉತ್ತರ ಹೇಳಲೇಬೇಕಿತ್ತು.

"ತಣ್ಣೀರು ದೋಣಿ ಹತ್ರಾನೇ ಉಳೀತಜ್ಜಿ. ಎಲ್ಲಾ ಮುಗಿದ ಮೇಲೆ ಸಂಜೆಗೆ ಪಕ್ಕದ ಮನೆಯಾಕೆ ಹೋಗಿ ತಂದ್ಲು. ತುಂಬಿದ ಕೊಡ ತುಂಬಿದಂಗೇ ಇತ್ತಂತೆ."

ಎಲ್ಲಿಂದ ಬಂತೋ ಗೊತ್ತಿಲ್ಲ. ಅಜ್ಜಿ, "ಹೂಂ" ಅಂತ ತಲೆಯಾಡಿಸಿ ಮತ್ತೆ ಎಲೆಅಡಿಕೆ ಅಗಿಯಿತು.

ಇದ್ದದ್ದು ಒಂದೇ ಕ್ಯಾಮೆರಾ. ಅಜ್ಜಿಯ ಮುಖ ಸಿಕ್ಕಿರಲಿಲ್ಲ. ಮೇಡಂ ಹೋಗಿ, "ಅಜ್ಜೀ, ಅದನ್ನೇ ಇನ್ನೊಂದು ಸಲ ಕೇಳ್ತೀರಾ?" ಅಂದರು. "ಒಂದ್ಸಲ ಕೇಳಿದ್ದು ಸಾಲ್ದಾ? ಹೇಳಿದ್ನಲ್ಲ ಅವನು" ಅಂತು ಅಜ್ಜಿ. ಎಷ್ಟು ಬೇಡಿಕೊಂಡರೂ ಕೇಳಲಿಲ್ಲ. ಅದರ ಬದಲು, "ನಿನಗೆ ಮದುವೆ ಆಗೈತೇನವ್ವಾ?" ಅಂತ ಮೇಡಂನೇ ಕೇಳಿತು. ಆ ಹೊತ್ತಿಗೆ ಕ್ಯಾಮೆರಾ ಅಜ್ಜಿ ಕಡೆ ತಿರುಗಿತ್ತು. ಸಿನಿಮಾದಲ್ಲಿ ಈಗ ಏನಿದೆ ಅಂದರೆ, ಮದುವೆ ಬಗ್ಗೆ ಕೇಳಿದ ಮೇಲೆ ಅಜ್ಜಿ ಉತ್ತರಕ್ಕೆ ಕಾಯುತ್ತಾ ಕೂತ ಮುಖ ಇದೆ, ಅದರ ಹಿಂದೆ ಕೊಡದ ಪ್ರಶ್ನೆಯ ಧ್ವನಿ ಇದೆ. ಎರಡೂ ಅಜ್ಜಿಯದೇ. ಎರಡೂ ನಿಜವೇ. ಆದರೆ ಜೋಡಿಸಿದ್ದು ಎಡಿಟಿಂಗ್ ಟೇಬಲ್ ಮೇಲೆ. ಡಾಕ್ಯುಮೆಂಟರಿಗಳಲ್ಲಿ ಇದು ಮಾಮೂಲಂತೆ. ಟಿವಿ ಸಂದರ್ಶನದಲ್ಲಿ ಕೇಳುವವರು ತಲೆಯಾಡಿಸುವುದನ್ನು ಎಷ್ಟೋ ಸಲ ಆಮೇಲೆ ತೆಗೆದು ಅಂಟಿಸಿರುತ್ತಾರಂತೆ. ನಾನಂತೂ ಈಗ ಯಾವ ಸಂದರ್ಶನ ನೋಡಿದರೂ ತಲೆಯಾಡಿಸುವವರನ್ನು ಅನುಮಾನದಿಂದಲೇ ನೋಡುತ್ತೇನೆ.

ಕೊಡದ ಕಥೆ ಅಲ್ಲಿಗೆ ನಿಲ್ಲಲಿಲ್ಲ. ಶೂಟಿಂಗ್ ಮುಗಿದು ನಾನು ಮತ್ತೆ ಕೋಟೆಗೆ ಬಂದೆ. ಹೊಸಪೇಟೆ ಕಡೆಯ ಒಂದು ಕುಟುಂಬಕ್ಕೆ ಕಥೆ ಹೇಳುವಾಗ, ತುಂಬಿದ ಕೊಡ ತುಂಬಿದ ಹಾಗೇ ಇತ್ತು ಅನ್ನೋ ಮಾತು ತಾನೇ ಬಾಯಿಗೆ ಬಂತು. ಒಬ್ಬಾಕೆ ಕಣ್ಣೊರೆಸಿಕೊಂಡರು. ಅದಾದ ಮೇಲೆ ಯಾರು ಬಿಡ್ತಾರೆ? ಕೆಲವೇ ದಿನದಲ್ಲಿ ನಮ್ಮ ಹುಡುಗ ಗೈಡೊಬ್ಬ ತನ್ನ ಪಾರ್ಟಿಗೆ ಅದನ್ನೇ ಹೇಳುತ್ತಿದ್ದ. ಅವನು ಅದನ್ನು ತಾಮ್ರದ ಕೊಡ ಮಾಡಿದ್ದ. ಆಮೇಲೆ ಒಬ್ಬರು ನನ್ನನ್ನೇ ಹುಡುಕಿಕೊಂಡು ಬಂದು, "ಆ ಕೊಡ ಈಗ ಮ್ಯೂಸಿಯಂನಲ್ಲಿದೆಯಾ ಸರ್?" ಅಂತ ಕೇಳಿದರು. ಅವತ್ತಿನಿಂದ ನಾನು ಸೇರಿಸಿ ಹೇಳುತ್ತೇನೆ: ಶಾಸನದಲ್ಲಿರೋದು ಇದು, ಜನ ಹೇಳೋದು ಇದು, ಸಿನಿಮಾದವರದ್ದು ಇದು, ಕೊಡ ಮಾತ್ರ ನನ್ನದು. ಹಾಗಂದರೂ ಜನಕ್ಕೆ ಕೊಡವೇ ಇಷ್ಟ.

ಇದನ್ನೇ ಇಟ್ಟುಕೊಂಡು ಮೇಡಂ ಜೊತೆ ಜಗಳಕ್ಕೆ ಬಿದ್ದೆ. ಹೊಲದ ಬಂಡೆಯನ್ನು ಕಿಂಡಿ ಅಂತ ತೋರಿಸುತ್ತೀರಿ, ನಾಟಕದವರನ್ನು ಹೆಂಡತಿ ಅಂತ ತೋರಿಸುತ್ತೀರಿ, ತೋರಿಸಿ, ಆದರೆ ಎಲ್ಲಾದರೂ ಒಂದು ಕಡೆ ಹೇಳಿಬಿಡಿ ಅಂದೆ. ದುರ್ಗದವರಿಗೆ ಒಂದೇ ನೋಟಕ್ಕೆ ಗೊತ್ತಾಗುತ್ತೆ, ಪ್ಯಾರಿಸ್‌ನವರಿಗೆ ಹೇಗೆ ಗೊತ್ತಾಗಬೇಕು? ಮೇಡಂ ವಾದ ಬೇರೆ. "ಅಣ್ಣ, ಪಕ್ಕದಲ್ಲಿ ಅಕ್ಷರ ಹಾಕಿದ್ರೆ ನೋಡೋರು ಅದನ್ನ ಓದ್ತಾರೆ, ನಿಮ್ಮ ಮುಖ ನೋಡಲ್ಲ. ಯಾವುದು ನಿಜ ಅಂತ ಅವರೇ ಒದ್ದಾಡಲಿ." ಒದ್ದಾಡಲಿ ಅನ್ನೋದು ನನಗೆ ಒಪ್ಪಿಗೆಯಾಗಲಿಲ್ಲ. ಒದ್ದಾಡೋಕಾದರೂ ಒಂದು ಎಳೆ ಕೈಗೆ ಸಿಗಬೇಕಲ್ವಾ? ಆ ಇರಾನಿನವರು ಮೈಕ್ ಕೆಡಿಸಿ ಮಾಡಿದ್ದೂ ಅದನ್ನೇ ಅಲ್ವಾ, ಇದು ಸಿನಿಮಾ ಕಣಪ್ಪಾ ಅಂತ ನೆನಪು ಮಾಡಿದ್ದು? ಅದಕ್ಕೆ ಮೇಡಂ ಉತ್ತರ ಕೊಡಲಿಲ್ಲ. ಫೋನ್ ಇಟ್ಟರು.

ಕೆಲವು ತಿಂಗಳಾದ ಮೇಲೆ ಒಪ್ಪಂದದ ಪ್ರಕಾರ ಸಿನಿಮಾ ಹಿಡಿದುಕೊಂಡು ಮನೆಗೆ ಬಂದರು. ಇನ್ನೂ ಪೂರ್ತಿ ಆಗಿರಲಿಲ್ಲ, ಬಣ್ಣ ತಿದ್ದಿರಲಿಲ್ಲ, ಸೌಂಡ್ ಏರಿಳಿಯುತ್ತಿತ್ತು. ನಮ್ಮ ಟಿವಿಗೆ ಹಚ್ಚಿ ಕೂತೆವು. ಹೊಲದ ಬಂಡೆ ಬಂದಾಗ ನನಗೆ ಒಂದು ಕ್ಷಣ ನಗು ಬಂತು. ಅಕ್ಷರ ಇರಲಿಲ್ಲ. ಆದರೆ ಅಜ್ಜಿಯ, "ನಮ್ಮ ಬಂಡೆಯಾಗೆ ಓಬವ್ವ ಹೊಡೆದ್ಲೇನಪ್ಪಾ?" ಅನ್ನುವ ಮಾತನ್ನು ಕಥೆ ಶುರುವಾಗುವ ಮುಂಚೆಯೇ ಇಟ್ಟಿದ್ದರು. ನಾನು ಕೇಳಿದ ಎಳೆ ಅದೇ. ಕೊನೆಯ ಹೆಸರಿನ ಪಟ್ಟಿಯಲ್ಲಿ ಕೋಟೆಯೊಳಗೆ ತೆಗೆದ ಜಾಗ ಬೇರೆ, ಹೊರಗೆ ತೆಗೆದ ಜಾಗ ಬೇರೆ ಅಂತ ಬರೆಯುತ್ತೇವೆ ಅಂದರು. ಅಡುಗೆಮನೆಯ ದೃಶ್ಯ ಪೂರ್ತಿ ಇತ್ತು, ಹಿಂದಿನ ಧ್ವನಿ ಸಮೇತ. "ಬ್ಯಾಸರ ಬಂದ ದಿನ ಮನೇಲಿ ಮಾತೇ ಆಡಲ್ಲ" ಅನ್ನೋದೂ ಇತ್ತು. ನಾನು ಅದನ್ನು ತೆಗೆಸಬಹುದಿತ್ತು, ಪತ್ರದಲ್ಲಿ ಸಾಲಿತ್ತು. ತೆಗೆಸಲಿಲ್ಲ.

ಸಿನಿಮಾ ಮುಗಿದ ಮೇಲೆ ಮೇಡಂ ನನ್ನ ಹೆಂಡತಿ ಕಡೆ ತಿರುಗಿ, "ಏನನ್ನಿಸ್ತಕ್ಕಾ?" ಅಂದರು.

"ಚೆನ್ನಾಗೈತೆ. ಆ ಹುಡುಗಿ ಕೊನೆಗೆ ರೊಟ್ಟಿ ಕಲ್ತುಬಿಟ್ಲು." ಒಂದು ಗುಟುಕು ನೀರು ಕುಡಿದಳು. "ಆದ್ರೆ ಮೇಡಂ, ನನ್ನ ಮುಖ ತೆಗೀಬ್ಯಾಡಿ ಅಂದಿದ್ದೆ, ಸರಿ, ತೆಗೆದಿಲ್ಲ. ಈ ಧ್ವನಿ ಯಾರದು?"

ಮೇಡಂ ನನ್ನ ಮುಖ ನೋಡಿದರು. ನಾನು ಟಿವಿ ನೋಡಿದೆ. ಸಹಿ ನನ್ನದೊಂದೇ ಇತ್ತು.

"ಬೇಡ ಅಂದ್ರೆ ತೆಗೀತೀನಿ ಅಕ್ಕ."

"ತೆಗೀಬ್ಯಾಡಿ. ಅದಿಲ್ದಿದ್ರೆ ಆ ಸೀನ್‌ನಾಗೆ ಏನೈತೆ? ನಂಗೂ ಒಂದು ಪತ್ರ ಬರೀರಿ. ಇವರಿಗೆ ದಿನಕ್ಕೆ ಎಷ್ಟು ಕೊಟ್ರಿ?"

ಮರುದಿನವೇ ಇನ್ನೊಂದು ಪತ್ರ ಬಂತು, ಈ ಸಲ ನೇರ ಕನ್ನಡದಲ್ಲೇ. ಆ ಒಂದು ಸಂಜೆಗೆ ಆಕೆಗೂ ಪೂರ್ತಿ ದಿನದ ಲೆಕ್ಕ ಹಾಕಿ ಕೊಟ್ಟರು. ಹೆಸರಿನ ಪಟ್ಟಿಯಲ್ಲಿ ಹೆಂಡತಿ ಅಂತ ನಾಟಕದವರ ಹೆಸರಿದೆ, ಅದರ ಕೆಳಗೆ ಹೆಂಡತಿಯ ಧ್ವನಿ ಅಂತ ನನ್ನ ಹೆಂಡತಿಯ ಹೆಸರಿದೆ. ನನ್ನದು ಅದರ ಕೆಳಗೆ.